ರುಜುವಾತಾಗುವ ತನಕ

ಕೇಳುಗರೆಲ್ಲರಿಗೂ ನಮಸ್ಕಾರ.

2025ರ ಏಪ್ರಿಲ್ ತಿಂಗಳಲ್ಲಿ ಮೈಸೂರಿನ ಸೆಷನ್ಸ್ ನ್ಯಾಯಾಲಯವೊಂದು ಕೊಡಗಿನ ಕೂಲಿ ಕಾರ್ಮಿಕರೊಬ್ಬರನ್ನು ಪತ್ನಿಯ ಕೊಲೆಯ ಆರೋಪದಿಂದ ಗೌರವಪೂರ್ವಕವಾಗಿ ಬಿಡುಗಡೆ ಮಾಡಿತು. ಕೊಲೆಯಾಗಿದ್ದಾರೆಂದು ಪೊಲೀಸ್ ದಾಖಲೆಗಳು ಹೇಳುತ್ತಿದ್ದ ಆ ಮಹಿಳೆ ಅದೇ ತಿಂಗಳ ಆರಂಭದಲ್ಲಿ ಮಡಿಕೇರಿಯಲ್ಲಿ ಜೀವಂತವಾಗಿ ಕಾಣಿಸಿಕೊಂಡಿದ್ದರು. ಪತ್ನಿ ಕಾಣೆಯಾಗಿದ್ದಾರೆಂದು ಮೊದಲು ಠಾಣೆಗೆ ಹೋಗಿ ದೂರು ಕೊಟ್ಟವರು ಆ ಪತಿಯೇ. ನೆರೆಯ ಜಿಲ್ಲೆಯಲ್ಲಿ ದೊರೆತ ಅಸ್ಥಿಪಂಜರವೊಂದು ಆಕೆಯದೇ ಎಂದು ತೀರ್ಮಾನಿಸಿ 2021ರಲ್ಲಿ ಅವರನ್ನು ದಸ್ತಗಿರಿ ಮಾಡಲಾಯಿತು. ಆ ಮೂಳೆಗಳು ಆಕೆಯವಲ್ಲವೆಂದು ಡಿಎನ್‌ಎ ಪರೀಕ್ಷೆ ತಿಳಿಸಿದ ಮೇಲೂ ಮೊಕದ್ದಮೆ ನಡೆಯುತ್ತಲೇ ಇತ್ತು. ಜಾಮೀನು ಸಿಗುವ ಹೊತ್ತಿಗೆ ಅವರು ಸುಮಾರು ಒಂದೂವರೆ ವರ್ಷವನ್ನು ಸೆರೆಮನೆಯಲ್ಲಿ ಕಳೆದಿದ್ದರು. ಗೃಹ ಇಲಾಖೆ ಅವರಿಗೆ 1 ಲಕ್ಷ ರೂಪಾಯಿ ಪರಿಹಾರ ಕೊಡಬೇಕೆಂದು ನ್ಯಾಯಾಲಯ ಆದೇಶಿಸಿತು.

ಈ ಪ್ರಕರಣದ ಸುದ್ದಿ ಬಂದ ದಿನಗಳಲ್ಲಿ ಸತ್ಯ ಕೊನೆಗೂ ಗೆದ್ದಿತಲ್ಲ ಎಂದು ಸಮಾಧಾನಪಟ್ಟವರು ಬಹಳ ಮಂದಿ. ನನಗೆ ಆ ಸಮಾಧಾನ ಸಾಧ್ಯವಾಗಲಿಲ್ಲ. ಆಕೆ ಬೇರೆ ಯಾವುದೋ ದೂರದ ಊರಿನಲ್ಲಿ ಇದ್ದುಬಿಟ್ಟಿದ್ದರೆ, ಗುರುತಿನವರ ಕಣ್ಣಿಗೆ ಬೀಳದೇ ಹೋಗಿದ್ದರೆ, ಈ ಮನುಷ್ಯನ ಗತಿ ಏನಾಗುತ್ತಿತ್ತು ಎಂಬ ಪ್ರಶ್ನೆ ಉಳಿಯುತ್ತದೆ. ಆರೋಪ ಹೊತ್ತ ಪ್ರತಿಯೊಬ್ಬ ವ್ಯಕ್ತಿಯೂ ಅಪರಾಧ ರುಜುವಾತಾಗುವವರೆಗೆ ನಿರಪರಾಧಿ ಎಂದು ಕಾನೂನು ಹೇಳುವುದು, ಯಾರ ಬಿಡುಗಡೆಯೂ ಇಂಥ ಆಕಸ್ಮಿಕಕ್ಕೆ ಜೋತುಬೀಳಬಾರದು ಎಂಬ ಕಾರಣಕ್ಕೆ.

ಈ ತತ್ವದ ಹಿಂದೆ ದೀರ್ಘ ಇತಿಹಾಸವಿದೆ. ವಿಶ್ವಸಂಸ್ಥೆಯ ಮಹಾಸಭೆ 1948ರ ಡಿಸೆಂಬರ್ 10ರಂದು ಅಂಗೀಕರಿಸಿದ ಮಾನವ ಹಕ್ಕುಗಳ ಸಾರ್ವತ್ರಿಕ ಘೋಷಣೆಯ 11ನೆಯ ವಿಧಿ ಇದನ್ನು ಸ್ಪಷ್ಟವಾಗಿ ಹೇಳುತ್ತದೆ. 1966ರ ನಾಗರಿಕ ಮತ್ತು ರಾಜಕೀಯ ಹಕ್ಕುಗಳ ಅಂತರರಾಷ್ಟ್ರೀಯ ಒಡಂಬಡಿಕೆಯ 14ನೆಯ ವಿಧಿಯಲ್ಲಿಯೂ ಅದು ಇದೆ, ಭಾರತವು 1979ರಲ್ಲಿ ಆ ಒಡಂಬಡಿಕೆಗೆ ಸೇರಿತು. ನಮ್ಮ ಸಂವಿಧಾನದಲ್ಲಿ ಇದೇ ಮಾತುಗಳಲ್ಲಿ ಬರೆದ ವಿಧಿ ಇಲ್ಲವಾದರೂ, ಜೀವ ಮತ್ತು ವೈಯಕ್ತಿಕ ಸ್ವಾತಂತ್ರ್ಯವನ್ನು ಕಾಯುವ 21ನೆಯ ವಿಧಿಯೊಳಗೆ ನಮ್ಮ ನ್ಯಾಯಾಲಯಗಳು ಇದನ್ನು ಕಂಡುಕೊಂಡಿವೆ. ಇದು ಮಾನವ ಹಕ್ಕು ಎಂದೇ ಸುಪ್ರೀಂ ಕೋರ್ಟು 2004ರ ತೀರ್ಪೊಂದರಲ್ಲಿ ಹೇಳಿದೆ. ತನ್ನ ವಿರುದ್ಧವೇ ಸಾಕ್ಷಿ ಹೇಳುವಂತೆ ಯಾವ ಆರೋಪಿಯನ್ನೂ ಬಲವಂತಪಡಿಸುವಂತಿಲ್ಲ ಎನ್ನುತ್ತದೆ 20ನೆಯ ವಿಧಿ. ಬಂಧಿತ ವ್ಯಕ್ತಿಗೆ ಬಂಧನದ ಕಾರಣ ತಿಳಿಸಬೇಕು, ತನಗೆ ಬೇಕಾದ ವಕೀಲರನ್ನು ಕಾಣಲು ಬಿಡಬೇಕು, ಪ್ರಯಾಣದ ಸಮಯ ಬಿಟ್ಟು 24 ಗಂಟೆಗಳೊಳಗೆ ಮ್ಯಾಜಿಸ್ಟ್ರೇಟರ ಮುಂದೆ ಹಾಜರುಪಡಿಸಬೇಕು ಎನ್ನುತ್ತದೆ 22ನೆಯ ವಿಧಿ.

ಕೋರ್ಟಿನೊಳಗೆ ಈ ತತ್ವ ಕೆಲಸ ಮಾಡುವ ಬಗೆಯನ್ನು ಸ್ವಲ್ಪ ವಿವರವಾಗಿ ನೋಡಬೇಕು. ಆರೋಪವನ್ನು ರುಜುವಾತುಪಡಿಸುವ ಹೊಣೆ ಸರ್ಕಾರದ ಪರವಾಗಿ ಮೊಕದ್ದಮೆ ನಡೆಸುವವರದು, ಮತ್ತು ಆ ರುಜುವಾತು ಸಮಂಜಸವಾದ ಸಂಶಯಕ್ಕೆ ಎಡೆಯಿಲ್ಲದಂತೆ ಇರಬೇಕು. ಆರೋಪಿ ಬಾಯಿಬಿಡದೆ ಕುಳಿತರೂ, ಆತನ ಮೌನವೊಂದನ್ನೇ ಹಿಡಿದು ಆ ಹೊಣೆ ತೀರಿತೆಂದು ಹೇಳಲಾಗದು. ಸಾಕ್ಷ್ಯವನ್ನು ಎರಡು ರೀತಿಯಲ್ಲಿ ಅರ್ಥೈಸಲು ಸಾಧ್ಯವಿದ್ದಾಗ ಆರೋಪಿಗೆ ಅನುಕೂಲವಾದ ಅರ್ಥವನ್ನೇ ಒಪ್ಪಬೇಕೆಂದು ಸುಪ್ರೀಂ ಕೋರ್ಟು 1973ರಲ್ಲಿ ಕಾಳಿ ರಾಮ್ ಪ್ರಕರಣದಲ್ಲಿ ಹೇಳಿತು. ಕಣ್ಣಾರೆ ಕಂಡವರಿಲ್ಲದ, ಕೇವಲ ಸಾಂದರ್ಭಿಕ ಸಾಕ್ಷ್ಯದ ಮೇಲೆ ನಿಂತ ಮೊಕದ್ದಮೆಗಳಲ್ಲಿ ಸಂದರ್ಭಗಳ ಸರಪಣಿ ಎಲ್ಲಿಯೂ ಕಡಿಯದೆ ಆರೋಪಿಯೊಬ್ಬನತ್ತ ಮಾತ್ರ ಸಾಗಬೇಕು, ಸಂಶಯ ಎಷ್ಟೇ ಬಲವಾಗಿದ್ದರೂ ಅದು ರುಜುವಾತಿನ ಸ್ಥಾನದಲ್ಲಿ ನಿಲ್ಲಲಾರದು ಎಂಬುದನ್ನು 1984ರ ಶರದ್ ಬಿರ್ಧಿಚಂದ್ ಸಾರ್ಡಾ ಪ್ರಕರಣದ ತೀರ್ಪು ನಿಚ್ಚಳಗೊಳಿಸಿತು. ಪೊಲೀಸ್ ಅಧಿಕಾರಿಯ ಮುಂದೆ ಮಾಡಿದ ತಪ್ಪೊಪ್ಪಿಗೆಯನ್ನು ಆರೋಪಿಯ ವಿರುದ್ಧ ಬಳಸುವಂತಿಲ್ಲ ಎಂಬ ನಿಯಮ 1872ರ ಸಾಕ್ಷ್ಯ ಕಾಯ್ದೆಯಲ್ಲಿತ್ತು. 2024ರ ಜುಲೈ 1ರಿಂದ ಅದರ ಜಾಗಕ್ಕೆ ಬಂದಿರುವ ಭಾರತೀಯ ಸಾಕ್ಷ್ಯ ಅಧಿನಿಯಮವೂ ಅದನ್ನು ಉಳಿಸಿಕೊಂಡಿದೆ. ಲಾಠಿಗೆ ಹೆದರಿ ಆಡಿದ ಮಾತನ್ನು ಸತ್ಯವೆಂದು ನಂಬುವಂತಿಲ್ಲ ಎಂಬ ಅರಿವು ಒಂದೂವರೆ ಶತಮಾನದಷ್ಟು ಹಳೆಯದು.

ಆದರೆ ಇವೆಲ್ಲ ಕೋರ್ಟಿನ ಬಾಗಿಲು ದಾಟಿದ ಮೇಲಿನ ರಕ್ಷಣೆಗಳು. ನಮ್ಮ ಕೊಡಗು ಜಿಲ್ಲೆಯಲ್ಲಿ ಬಡವರಿಗೆ ಆಗುವ ಅನ್ಯಾಯದ ಹೆಚ್ಚಿನ ಪಾಲು ಆ ಬಾಗಿಲಿನವರೆಗೆ ಬರುವುದೇ ಇಲ್ಲ. ಕಾಫಿ ಕುಯ್ಲಿನ ತಿಂಗಳುಗಳನ್ನೇ ತೆಗೆದುಕೊಳ್ಳಿ. ಕಣದಲ್ಲಿ ಒಣಗಲು ಹರಡಿದ್ದ ಕಾಫಿ ಕಡಿಮೆಯಾಯಿತು, ಗೋದಾಮಿನಿಂದ ಕಾಳುಮೆಣಸಿನ ಚೀಲ ಕಾಣೆಯಾಯಿತು ಎಂದಾಕ್ಷಣ ಮೊದಲ ಮಾತು ಹೋಗುವುದು ತೋಟದ ಕಾರ್ಮಿಕರು ವಾಸಿಸುವ ಲೈನ್ ಮನೆಯ ಕಡೆಗೆ, ಅಲ್ಲವಾದರೆ ಹತ್ತಿರದ ಹಾಡಿಯ, ಅಂದರೆ ಬುಡಕಟ್ಟು ಜನರ ವಸತಿಯ, ಕಡೆಗೆ, ಈಚಿನ ವರ್ಷಗಳಲ್ಲಿ ಅಸ್ಸಾಮಿನಿಂದಲೋ ಜಾರ್ಖಂಡಿನಿಂದಲೋ ಕೆಲಸಕ್ಕೆ ಬಂದವರ ಕಡೆಗೆ. ಬೆಳೆಗಾರರ ನಷ್ಟ ನಿಜವಾದದ್ದು. ವರ್ಷವಿಡೀ ದುಡಿದ ಬೆಳೆ ಒಂದು ರಾತ್ರಿಯಲ್ಲಿ ಹೋದರೆ ಆಗುವ ಸಂಕಟವನ್ನು ನಾನು ಹಗುರವಾಗಿ ಕಾಣುವುದಿಲ್ಲ. ಅವರು ದೂರು ಕೊಡಬೇಕು, ತನಿಖೆ ಚುರುಕಾಗಿ ನಡೆಯಬೇಕು. ಆದರೆ ದೂರು ದಾಖಲಾಗುವ ಮೊದಲೇ ಕಾರ್ಮಿಕರ ಮನೆಗೆ ನುಗ್ಗಿ ಪೆಟ್ಟಿಗೆ ಜಾಲಾಡುವುದು, ಒಬ್ಬನನ್ನು ಹಿಡಿದು ಮರಕ್ಕೆ ಕಟ್ಟಿ ಕೇಳುವುದು, ಅವನ ಫೋಟೊವನ್ನು ಕಳ್ಳನೆಂಬ ತಲೆಬರಹದೊಂದಿಗೆ ವಾಟ್ಸ್ಆ್ಯಪ್ ಗುಂಪುಗಳಿಗೆ ಹರಿಯಬಿಡುವುದು, ಇವು ಅಪರಾಧಗಳು. ಅವನ್ನು ಮಾಡುವ ಅಧಿಕಾರ ತೋಟದ ಮಾಲೀಕರಿಗೂ ಇಲ್ಲ, ತೋಟದ ಲೆಕ್ಕ ನೋಡುವ ರೈಟರಿಗೂ ಇಲ್ಲ, ಊರಿನ ಹಿರಿಯರಿಗೂ ಇಲ್ಲ.

ಹುಟ್ಟನ್ನು ನೋಡಿ ಸಂಶಯಪಡುವುದನ್ನು ಈ ದೇಶದಲ್ಲಿ ಒಂದು ಕಾಲಕ್ಕೆ ಕಾನೂನೇ ಮಾಡುತ್ತಿತ್ತು ಎಂಬುದನ್ನೂ ನಾವು ಮರೆಯಬಾರದು. 1871ರಲ್ಲಿ ಬ್ರಿಟಿಷ್ ಸರ್ಕಾರ ತಂದ ಅಪರಾಧಿ ಬುಡಕಟ್ಟುಗಳ ಕಾಯ್ದೆ ಇಡೀ ಸಮುದಾಯಗಳನ್ನು ಅಪರಾಧಿಗಳೆಂದು ಪಟ್ಟಿ ಮಾಡಿತು. ಕೈಯಲ್ಲಿ ಏನೂ ತಪ್ಪಿಲ್ಲದ ಮಗು ಸಹ ಆ ಪಟ್ಟಿಯ ನೆರಳಿನಲ್ಲೇ ಹುಟ್ಟುತ್ತಿತ್ತು. ಸ್ವತಂತ್ರ ಭಾರತ 1952ರಲ್ಲಿ ಆ ಕಾಯ್ದೆಯನ್ನು ರದ್ದುಪಡಿಸಿತು. ಕಳವು ಎಂದ ಕೂಡಲೇ ಹಾಡಿಯ ಕಡೆ ತಿರುಗುವ ನಮ್ಮ ಕಣ್ಣಿನಲ್ಲಿ ಅದೇ ಕಾಯ್ದೆಯ ತರ್ಕ ಇನ್ನೂ ಉಳಿದಿದೆ ಎಂದೇ ನಾನು ಭಾವಿಸುತ್ತೇನೆ.

ಇನ್ನು ಬಂಧನ ಮತ್ತು ಜಾಮೀನಿನ ವಿಷಯ. ಭಾರತದ ಸೆರೆಮನೆಗಳಲ್ಲಿ ಇರುವವರಲ್ಲಿ ನಾಲ್ವರಲ್ಲಿ ಸುಮಾರು ಮೂವರು ಶಿಕ್ಷೆಗೆ ಗುರಿಯಾದವರಲ್ಲ, ವಿಚಾರಣೆ ಎದುರು ನೋಡುತ್ತಿರುವವರು ಎಂಬುದನ್ನು ರಾಷ್ಟ್ರೀಯ ಅಪರಾಧ ದಾಖಲೆಗಳ ಕೇಂದ್ರದ ವರದಿಗಳೇ ತೋರಿಸುತ್ತವೆ. ಕಾನೂನಿನ ಕಣ್ಣಿನಲ್ಲಿ ನಿರಪರಾಧಿಗಳಾದ ಇಷ್ಟು ಜನ ಬೀಗದ ಹಿಂದೆ ಇರುವುದಕ್ಕೆ ಬಡತನ ಒಂದು ದೊಡ್ಡ ಕಾರಣ. ಜಾಮೀನು ಮಂಜೂರಾದರೂ ಪಹಣಿ ಹಿಡಿದು ಬಂದು ಭದ್ರತೆ ನಿಲ್ಲುವವರು ಬೇಕು. ತೋಟದ ಲೈನಿನಲ್ಲಿ ಮೂರು ತಲೆಮಾರು ಕಳೆದರೂ ಒಂದು ಸೆಂಟು ಜಾಗ ಹೆಸರಿಗಿಲ್ಲದ ಕುಟುಂಬ ಪಹಣಿಯನ್ನು ಎಲ್ಲಿಂದ ತರಬೇಕು? ಈ ಪ್ರಶ್ನೆ ಸುಪ್ರೀಂ ಕೋರ್ಟಿನ ಮುಂದೆ 1978ರಲ್ಲಿಯೇ ಬಂದಿತ್ತು. ಮಧ್ಯಪ್ರದೇಶದ ಮೋತಿ ರಾಮ್ ಎಂಬ ಗಾರೆ ಕೆಲಸಗಾರನಿಂದ ಮ್ಯಾಜಿಸ್ಟ್ರೇಟರು 10,000 ರೂಪಾಯಿಯ ಭದ್ರತೆ ಕೇಳಿದ್ದರು, ಆತನ ಸಹೋದರ ಭದ್ರತೆ ನಿಲ್ಲಲು ಬಂದಾಗ ಅವನ ಆಸ್ತಿ ಬೇರೆ ಜಿಲ್ಲೆಯಲ್ಲಿದೆ ಎಂದು ತಳ್ಳಿಹಾಕಿದ್ದರು. ನ್ಯಾಯಮೂರ್ತಿ ವಿ. ಆರ್. ಕೃಷ್ಣ ಅಯ್ಯರ್ ಅವರು ಈ ಎರಡನ್ನೂ ಖಂಡಿಸಿ, ಬಡವನ ಶಕ್ತಿಗೆ ಮೀರಿದ ಷರತ್ತು ಹಾಕುವುದೆಂದರೆ ಜಾಮೀನನ್ನೇ ನಿರಾಕರಿಸಿದಂತೆ ಎಂಬುದನ್ನು ತೋರಿಸಿಕೊಟ್ಟರು. ಜಾಮೀನು ನಿಯಮ, ಸೆರೆವಾಸ ಅಪವಾದ ಎಂಬ ಮಾತನ್ನು ಹಿಂದಿನ ವರ್ಷ ಬರೆದವರೂ ಅವರೇ. ಏಳು ವರ್ಷದವರೆಗಿನ ಶಿಕ್ಷೆಯ ಅಪರಾಧಗಳಲ್ಲಿ ಅಗತ್ಯವನ್ನು ತೋರಿಸದೆ ಯಾಂತ್ರಿಕವಾಗಿ ಬಂಧಿಸಬಾರದೆಂದು 2014ರ ಅರ್ನೇಶ್ ಕುಮಾರ್ ತೀರ್ಪು ಪೊಲೀಸರಿಗೂ ಮ್ಯಾಜಿಸ್ಟ್ರೇಟರಿಗೂ ನಿರ್ದೇಶಿಸಿದೆ. ಅಪರಾಧ ಪ್ರಕರಣಗಳ ವಿಚಾರಣೆಯ ಕ್ರಮವನ್ನು ಹೇಳುವ ಈಗಿನ ಕಾನೂನಾದ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯ 479ನೆಯ ಕಲಮಿನಂತೆ, ಹಿಂದೆಂದೂ ಶಿಕ್ಷೆಗೆ ಗುರಿಯಾಗದ ವಿಚಾರಣಾಧೀನ ಕೈದಿ ಆ ಅಪರಾಧದ ಗರಿಷ್ಠ ಶಿಕ್ಷೆಯ ಮೂರನೆಯ ಒಂದು ಭಾಗವನ್ನು ಒಳಗೆ ಕಳೆದಿದ್ದರೆ ಬಿಡುಗಡೆಗೆ ಅರ್ಹನಾಗುತ್ತಾನೆ. ಆದರೆ ಮರಣದಂಡನೆ ಅಥವಾ ಜೀವಾವಧಿ ಶಿಕ್ಷೆಯ ಆರೋಪಗಳಿಗೆ ಇದು ಅನ್ವಯಿಸುವುದಿಲ್ಲ. ಹಾಗಾಗಿ ಕೊಲೆಯ ಸುಳ್ಳು ಆರೋಪದಲ್ಲಿ ಸಿಕ್ಕಿಬಿದ್ದವರಿಗೆ, ಅಂದರೆ ಇದರ ನೆರವು ಅತ್ಯಂತ ಅಗತ್ಯವಿರುವವರಿಗೆ, ಈ ಕಲಮು ಒದಗಿ ಬರುವುದಿಲ್ಲ. ಮಾದಕ ವಸ್ತುಗಳ ಕಾಯ್ದೆಯಂತಹ ಕೆಲವು ವಿಶೇಷ ಕಾಯ್ದೆಗಳು ಹೊಣೆಯ ಒಂದಷ್ಟನ್ನು ಆರೋಪಿಯ ಮೇಲೇ ಹೊರಿಸುತ್ತವೆ. ಅಲ್ಲಿಯೂ ಮೂಲ ಸಂಗತಿಗಳನ್ನು ಮೊದಲು ಸರ್ಕಾರವೇ ತೋರಿಸಬೇಕು ಎಂಬುದು ಸುಪ್ರೀಂ ಕೋರ್ಟಿನ ನಿಲುವು.

ಹಾಗಾದರೆ ದೂರು ಕೊಟ್ಟವರ ಗತಿ ಏನು ಎಂದು ಕೆಲವರು ಕೇಳುತ್ತಾರೆ, ಅದರಲ್ಲಿಯೂ ದೌರ್ಜನ್ಯಕ್ಕೆ ಒಳಗಾದ ಹೆಣ್ಣುಮಕ್ಕಳ ಪರವಾಗಿ ನಿಂತವರು ಕಳಕಳಿಯಿಂದ ಕೇಳುತ್ತಾರೆ. ಆರೋಪಿಯನ್ನು ನಿರಪರಾಧಿ ಎಂದು ಎಣಿಸುವುದೆಂದರೆ ದೂರುದಾರಳನ್ನು ಸುಳ್ಳುಗಾತಿ ಎಂದು ಎಣಿಸುವುದಲ್ಲ. ಆಕೆಯ ದೂರನ್ನು ಕೂಡಲೇ ದಾಖಲಿಸಿಕೊಳ್ಳಬೇಕು, ಆಕೆಗೆ ರಕ್ಷಣೆ, ಚಿಕಿತ್ಸೆ, ಗೌರವ ಎಲ್ಲವೂ ಸಿಗಬೇಕು. ಆತನ ಹಕ್ಕು ಇವುಗಳಲ್ಲಿ ಯಾವುದಕ್ಕೂ ಅಡ್ಡಿಯಲ್ಲ. ತಪ್ಪು ಮನುಷ್ಯನನ್ನು ಒಳಗೆ ಹಾಕಿದಾಗ ನಿಜವಾದ ತಪ್ಪಿತಸ್ಥ ಹೊರಗೇ ಉಳಿಯುತ್ತಾನೆ. ನಾನು ಆರಂಭದಲ್ಲಿ ಹೇಳಿದ ಪ್ರಕರಣದಲ್ಲಿ ಸಿಕ್ಕ ಆ ಮೂಳೆಗಳು ಯಾರವು? ಅವರಿಗೂ ಒಂದು ಮನೆ, ಕಾಯುವ ಒಂದು ಕುಟುಂಬ ಇದ್ದಿರಬೇಕಲ್ಲವೇ? ಬೇರೊಬ್ಬರ ಹೆಸರು ಅಂಟಿಸಿದ ದಿನವೇ ಆ ಜೀವಕ್ಕೆ ಸಲ್ಲಬೇಕಾದ ತನಿಖೆ ನಿಂತುಹೋಯಿತು. ಇದನ್ನು ನೆನೆದಾಗಲೆಲ್ಲ ನನ್ನ ಮನಸ್ಸು ಕಲಕುತ್ತದೆ.

ಪತ್ರಿಕೆ ಮತ್ತು ಟೀವಿಗಳ ಪಾತ್ರವನ್ನೂ ಹೇಳಲೇಬೇಕು. ಬಂಧಿತರನ್ನು ವಶಪಡಿಸಿಕೊಂಡ ಮಾಲಿನ ಹಿಂದೆ ಸಾಲಾಗಿ ನಿಲ್ಲಿಸಿ ತೆಗೆದ ಚಿತ್ರ ಮರುದಿನ ಎಲ್ಲರ ಕೈಯಲ್ಲಿರುತ್ತದೆ, ವರ್ಷಗಳ ನಂತರ ಬರುವ ಖುಲಾಸೆಯ ಸುದ್ದಿಗೆ ಒಳಪುಟದಲ್ಲಿಯೂ ಜಾಗ ಸಿಗುವುದಿಲ್ಲ. ಅಷ್ಟರಲ್ಲಿ ಕೆಲಸ ಹೋಗಿರುತ್ತದೆ, ಶಾಲೆಯಲ್ಲಿ ಮಕ್ಕಳು ಮಾತು ಕೇಳಿರುತ್ತಾರೆ. ಪೊಲೀಸರು ಮಾಧ್ಯಮಗಳಿಗೆ ಮಾಹಿತಿ ನೀಡುವುದಕ್ಕೆ ಮಾರ್ಗಸೂಚಿ ರೂಪಿಸಬೇಕೆಂದು 2023ರಲ್ಲಿ ಸುಪ್ರೀಂ ಕೋರ್ಟು ಕೇಂದ್ರ ಗೃಹ ಸಚಿವಾಲಯಕ್ಕೆ ನಿರ್ದೇಶನ ನೀಡಿತು. ಇಂಥ ಆರೋಪಿಯ ಪರವಾಗಿ ಯಾರೂ ವಕಾಲತ್ತು ವಹಿಸಬಾರದು ಎಂದು ವಕೀಲರ ಸಂಘಗಳು ನಿರ್ಣಯ ಮಾಡುವುದು ಕಾನೂನುಬಾಹಿರ ಎಂದೂ ಅದೇ ನ್ಯಾಯಾಲಯ 2010ರಲ್ಲಿ ಹೇಳಿದೆ.

ಕೊನೆಯದಾಗಿ, ತೋಟಗಳಲ್ಲಿ, ಹಾಡಿಗಳಲ್ಲಿ ಈ ಭಾಷಣವನ್ನು ಕೇಳುತ್ತಿರುವವರಿಗೆ ಕೆಲವು ಮಾತು. ನಿಮ್ಮವರನ್ನು ಠಾಣೆಗೆ ಕರೆದೊಯ್ದರೆ, ಬಂಧನವಾಗಿದೆಯೇ, ಯಾವ ಕಾರಣಕ್ಕೆ ಎಂದು ಕೇಳುವ ಹಕ್ಕು ನಿಮಗಿದೆ. ಬಂಧನದ ಟಿಪ್ಪಣಿಗೆ ಮನೆಯವರ ಅಥವಾ ಊರಿನ ಗೌರವಸ್ಥರೊಬ್ಬರ ಸಾಕ್ಷಿ ಸಹಿ ಇರಬೇಕು, ಬಂಧಿತರನ್ನು ವೈದ್ಯಕೀಯ ಪರೀಕ್ಷೆಗೆ ಒಳಪಡಿಸಬೇಕು ಎಂದು 1996ರ ಡಿ. ಕೆ. ಬಸು ತೀರ್ಪು ವಿಧಿಸಿದೆ. ಓದಿ ಹೇಳದ ಕಾಗದಕ್ಕೆ ಹೆಬ್ಬೆಟ್ಟು ಒತ್ತಬೇಡಿ. ವಕೀಲರಿಗೆ ಕೊಡಲು ಹಣವಿಲ್ಲವೆಂದು ಸುಮ್ಮನೆ ಕೂರಬೇಡಿ. 1987ರ ಕಾನೂನು ಸೇವೆಗಳ ಪ್ರಾಧಿಕಾರಗಳ ಕಾಯ್ದೆಯ ಪ್ರಕಾರ ಪರಿಶಿಷ್ಟ ಜಾತಿ ಮತ್ತು ಪಂಗಡದವರಿಗೆ, ಮಹಿಳೆಯರಿಗೆ, ಮಕ್ಕಳಿಗೆ, ಬಂಧನದಲ್ಲಿರುವ ಯಾರಿಗೇ ಆಗಲಿ ಸರ್ಕಾರದ ವೆಚ್ಚದಲ್ಲಿ ವಕೀಲರು ದೊರೆಯುತ್ತಾರೆ. ಮಡಿಕೇರಿಯಲ್ಲಿರುವ ಜಿಲ್ಲಾ ಕಾನೂನು ಸೇವೆಗಳ ಪ್ರಾಧಿಕಾರದ ಕಚೇರಿಗೆ ಹೋಗಿ ಅರ್ಜಿ ಕೊಡಬಹುದು, ಅಥವಾ 15100 ಎಂಬ ಶುಲ್ಕರಹಿತ ಸಂಖ್ಯೆಗೆ ಕರೆ ಮಾಡಬಹುದು. ಬಂಧನವಾದ ಮೊದಲ ದಿನವೇ ಇದನ್ನು ಮಾಡಿ. ಮ್ಯಾಜಿಸ್ಟ್ರೇಟರ ಮುಂದೆ ಹಾಜರುಪಡಿಸುವಾಗ ನಿಮ್ಮವರ ಪಕ್ಕದಲ್ಲಿ ಒಬ್ಬ ವಕೀಲರು ನಿಂತಿರಲಿ.

ನಮಸ್ಕಾರ.