ಕನ್ಯಾಕ: ಒಳ್ಳೆ ಮಳೆ ನಂಬಿ ಕಟ್ಟಿದ ಕುರಿ ಸ್ಟೇಷನ್

ಕೇಳುಗರಿಗೆ ನಮಸ್ಕಾರ.

ದಕ್ಷಿಣ ಆಸ್ಟ್ರೇಲಿಯಾದಲ್ಲಿ ಕ್ವಾರ್ನ್ ಅಂತ ಒಂದು ಸಣ್ಣ ಊರು. ಅಲ್ಲಿಂದ ಉತ್ತರಕ್ಕೆ, ಹಾಕರ್ ಕಡೆಗೆ ಸುಮಾರು 40 ಕಿಲೋಮೀಟರ್ ಹೋದರೆ ಬಟಾಬಯಲಲ್ಲಿ ಕಲ್ಲಿನ ಗೋಡೆಗಳು ಕಾಣುತ್ತವೆ. ಸೂರು ಎಂದೋ ಹೋಗಿದೆ. ಇದು ಕನ್ಯಾಕ, ಒಂದು ಕಾಲದ ದೊಡ್ಡ ಕುರಿ ಸ್ಟೇಷನ್. ಸರ್ಕಾರದಿಂದ ಗುತ್ತಿಗೆಗೆ ಪಡೆದ ವಿಶಾಲವಾದ ಮೇವಿನ ಬಯಲು, ನಡುವೆ ಯಜಮಾನರ ಮನೆ, ಆಳುಗಳ ಬಿಡಾರ, ಉಣ್ಣೆ ಕತ್ತರಿಸುವ ಕೊಟ್ಟಿಗೆ. ಇಷ್ಟೂ ಸೇರಿದರೆ ಒಂದು ಸ್ಟೇಷನ್. ಆ ನೆಲದಲ್ಲಿ ಮೊದಲೇ ಬಾಳುತ್ತಿದ್ದ ಮೂಲನಿವಾಸಿಗಳನ್ನು ಮಾತ್ರ ಯಾರೂ ಕೇಳಲಿಲ್ಲ.

ಶುರು ಮಾಡಿದವನು ಹ್ಯೂ ಪ್ರೋಬಿ, ಬ್ರಿಟನ್ನಿನ ಶ್ರೀಮಂತ ಮನೆತನದ ಹುಡುಗ. ಮೊದಲು ಸಾಕಿದ್ದು ದನ. 1852ರ ಆಗಸ್ಟ್‌ನಲ್ಲಿ ಗುಡುಗು ಮಳೆಗೆ ದನಗಳು ಬೆದರಿ ಓಡಿದವು. ತಿರುಗಿಸಿ ತರಲು ಹೋದಾಗ ವಿಲ್ಲೋಕ್ರಾ ಹಳ್ಳ ಉಕ್ಕಿ ಬಂದು ಅವನನ್ನು ಕೊಚ್ಚಿಕೊಂಡು ಹೋಯಿತು. ಆಗ ಅವನಿಗಿನ್ನೂ ಚಿಕ್ಕ ವಯಸ್ಸು. ಹನಿ ನೀರಿಗೂ ಬಾಯಿ ಬಿಡುವ ಸೀಮೆಯಲ್ಲಿ ಪ್ರವಾಹಕ್ಕೆ ಸಿಕ್ಕಿ ಸತ್ತ ನೋಡಿ. 1858ರಲ್ಲಿ ಒಡಹುಟ್ಟಿದವರು ಬ್ರಿಟನ್ನಿನಿಂದ ಗ್ರಾನೈಟ್ ಚಪ್ಪಡಿ ಕಳಿಸಿದರು. ಅಷ್ಟು ಭಾರದ ಕಲ್ಲು ಸಮುದ್ರ ದಾಟಿ ಬಂದು ಅವನ ಗೋರಿ ಮೇಲೆ ಕೂತಿದೆ.

ಆಮೇಲೆ ಸ್ಟೇಷನ್ ಬೇರೆಯವರ ಕೈಗೆ ಹೋಯಿತು. ಕುರಿಗಳು ಬಂದವು, ವ್ಯವಹಾರ ಬೆಳೆಯಿತು. ಪೇಟೆ ದೂರ, ಹಾಗಾಗಿ ಬೇಕಾದ್ದೆಲ್ಲ ಅಲ್ಲೇ ಆಗಬೇಕು, ಕೆಲಸ ಗೊತ್ತಿದ್ದವರೂ ಅಲ್ಲೇ ಇರಬೇಕು. ಹೆಚ್ಚೆಂದರೆ 70 ಕುಟುಂಬಗಳು ಇಲ್ಲಿದ್ದವಂತೆ. ಒಳ್ಳೆ ಮರ ಸಿಗುವುದು ಕಷ್ಟ, ಕಲ್ಲಿಗೇನು ಬರವಿಲ್ಲ. ಗೋಡೆಗಳೆಲ್ಲ ಕಲ್ಲಿನವಾದವು. ಉಣ್ಣೆ ಕೊಟ್ಟಿಗೆಯಲ್ಲಿ 24 ಮಂದಿ ಒಟ್ಟಿಗೆ ಕತ್ತರಿ ಹಿಡಿದು ಕೆಲಸ ಮಾಡಬಹುದಿತ್ತು. ಮಷೀನ್ ಇಲ್ಲದ ಕಾಲ ಅದು, ಎಲ್ಲವೂ ಕೈಕತ್ತರಿಯದೇ ಕೆಲಸ. 1864ರ ಒಂದೇ ಹಂಗಾಮಿನಲ್ಲಿ ಸುಮಾರು 41,000 ಕುರಿಗಳ ಉಣ್ಣೆ ತೆಗೆದರು.

ಅದೇ ವರ್ಷ ಮಳೆ ಕೈಕೊಟ್ಟಿತು. ಬರ 1866ರವರೆಗೂ ಎಳೆಯಿತು. ಸುಮಾರು 20,000 ಕುರಿಗಳು ಸತ್ತವು. ಕಲ್ಲಿನಲ್ಲಿ ಕಟ್ಟಿದ ಮನೆಯನ್ನು ಹೊತ್ತುಕೊಂಡು ಮೇವಿರುವ ಕಡೆ ಹೋಗುವ ಹಾಗಿಲ್ಲ, ಅಲ್ವಾ?

1865ರಲ್ಲಿ ಸರ್ಕಾರದ ಭೂಮಾಪನಾಧಿಕಾರಿ ಜಾರ್ಜ್ ಗಾಯ್ಡರ್ ಕುದುರೆ ಹತ್ತಿ ಆ ಸೀಮೆಯೆಲ್ಲ ಸುತ್ತಿದ. ಮಳೆ ಲೆಕ್ಕದ ದಾಖಲೆ ಜಾಸ್ತಿ ಇರಲಿಲ್ಲ. ಗಿಡಗಂಟಿ ನೋಡಿಯೇ ಅಂದಾಜು ಮಾಡಿದ. ಒಣ ನೆಲದ ಕುರುಚಲು ಗಿಡವಾದ ಉಪ್ಪುಪೊದೆ ಬೆಳೆಯುವ ಕಡೆ ಮಳೆ ನಂಬುವ ಹಾಗಿಲ್ಲ ಅಂತ ನಕ್ಷೆಯ ಮೇಲೆ ಒಂದು ಗೆರೆ ಎಳೆದ. ಕನ್ಯಾಕ ಆ ಗೆರೆಯ ಆಚೆ, ಉತ್ತರಕ್ಕೆ ಬಿತ್ತು. ನನ್ನ ಕೇಳಿದರೆ ಈ ಕಥೆಯಲ್ಲಿ ಕಣ್ಣು ಬಿಟ್ಟು ನೋಡಿದವನು ಅವನೊಬ್ಬನೇ.

ಆದರೆ 1870ರ ದಶಕದಲ್ಲಿ ಮಳೆ ಚೆನ್ನಾಗಿ ಬಂತು. ನೇಗಿಲು ಹೂಡಿದ ಕಡೆ ಮಳೆಯೂ ಹಿಂದೆಯೇ ಬರುತ್ತದೆ ಎಂಬ ನಂಬಿಕೆ ಹಬ್ಬಿತು. ಸರ್ಕಾರವೂ ಗೆರೆಯನ್ನು ಬದಿಗಿಟ್ಟಿತು. ಸ್ಟೇಷನ್ನಿನ ಜಮೀನು ತುಂಡು ಮಾಡಿ ಗೋಧಿ ರೈತರಿಗೆ ಕೊಟ್ಟಿತು. ಒಂದೆರಡು ಪೈರು ಕೈಗೆ ಬಂದವು. 1880ರ ನಂತರ ಮತ್ತೆ ಬರ, ಬೆಳೆ ಒಣಗಿತು, ರೈತರು ಸಾಲ ಹೊತ್ತು ಊರು ಬಿಟ್ಟರು. ಕ್ವಾರ್ನ್‌ನಿಂದ ಹಾಕರ್‌ಗೆ ರೈಲು ಬಂದದ್ದೂ ಅದೇ 1880ರಲ್ಲಿ. ಉಣ್ಣೆ ಸಾಗಿಸಲು ಪರದಾಡಿದ ಸ್ಟೇಷನ್‌ಗೆ ಅನುಕೂಲ ಸಿಕ್ಕಿದ್ದು ಕೊನೆಗಾಲದಲ್ಲಿ. 1888ರಲ್ಲಿ ಕನ್ಯಾಕ ಬರಿದಾಯಿತು.

ಗಾಯ್ಡರ್ ಎಳೆದ ಗೆರೆಯನ್ನು ಅಲ್ಲಿನ ರೈತರು ಇವತ್ತಿಗೂ ಹೆಸರು ಹಿಡಿದು ಹೇಳುತ್ತಾರೆ. ಅದರಾಚೆ ಈಗ ಹೆಚ್ಚಾಗಿ ಮೇಯುತ್ತಿರುವುದು ಮತ್ತೆ ಕುರಿಗಳೇ.

ನಮಸ್ಕಾರ.