ಮಾತ್ರೆ ಬಿಟ್ಟ ರೋಗಿಯ ತಪ್ಪು ಯಾರದು?

ಕ್ಷಯರೋಗದ ಮಾತ್ರೆಯನ್ನು ಅರ್ಧಕ್ಕೆ ನಿಲ್ಲಿಸಿದವರ ಬಗ್ಗೆ ನಮ್ಮಲ್ಲಿ ಒಂದು ತೀರ್ಪು ಸದಾ ಸಿದ್ಧವಾಗಿರುತ್ತದೆ: ತಿಳಿವಳಿಕೆ ಇಲ್ಲ, ಹೇಳಿದರೆ ಕೇಳುವುದಿಲ್ಲ, ಮಾಟ-ಮಂತ್ರ ನಂಬುತ್ತಾರೆ. ಈ ತೀರ್ಪು ತಪ್ಪೆಂದು ನನಗೆ ಮನದಟ್ಟು ಮಾಡಿಸಿದ್ದು ಡಾ. ಪಾಲ್ ಫಾರ್ಮರ್ ಅವರ ಬದುಕು.

1959ರಲ್ಲಿ ಅಮೆರಿಕದ ಮ್ಯಾಸಚೂಸೆಟ್ಸ್‌ನಲ್ಲಿ ಹುಟ್ಟಿದ ಫಾರ್ಮರ್, ಹಾರ್ವರ್ಡ್‌ನಲ್ಲಿ ವೈದ್ಯಶಾಸ್ತ್ರವನ್ನೂ ಮಾನವಶಾಸ್ತ್ರವನ್ನೂ ಒಟ್ಟಿಗೆ ಓದುತ್ತ, ಹೈಟಿ ದೇಶದ ಕಾಂಜ್ ಎಂಬ ಹಳ್ಳಿಗೂ ಬಾಸ್ಟನ್‌ಗೂ ನಡುವೆ ಓಡಾಡಿಕೊಂಡಿದ್ದರು. ಅಣೆಕಟ್ಟಿನ ನೀರಿಗೆ ಹೊಲ-ಮನೆ ಮುಳುಗಡೆಯಾದ ಮೇಲೆ ರೈತರು ಬೆಟ್ಟದ ಬರಡು ಇಳಿಜಾರನ್ನು ಹತ್ತಿ ಬದುಕು ಕಟ್ಟಿಕೊಂಡ ಊರು ಅದು. ಆ ಅಣೆಕಟ್ಟಿನ ವಿದ್ಯುತ್ತು ಮಾತ್ರ ಅವರ ಗುಡಿಸಲುಗಳಿಗೆ ಬರಲಿಲ್ಲ. ಅಲ್ಲಿನ ಕ್ಷಯರೋಗಿಗಳಿಗೆ ಔಷಧ ಉಚಿತವಾಗಿಯೇ ಸಿಗುತ್ತಿತ್ತು. ಆದರೂ ಕೆಲವರು ಸತ್ತಾಗ, ತಪ್ಪು ರೋಗಿಯದೋ ಬಡತನದ್ದೋ ಎಂಬ ಬಗ್ಗೆ ಚಿಕಿತ್ಸಾಲಯದ ಸಿಬ್ಬಂದಿಯಲ್ಲೇ ಭಿನ್ನಾಭಿಪ್ರಾಯ ಬಂತು.

ಫಾರ್ಮರ್ ಅದನ್ನು ಪರೀಕ್ಷಿಸಿಯೇ ನೋಡಿದರು. ಎರಡು ಗುಂಪುಗಳಿಗೂ ಅದೇ ಔಷಧ, ಅದೂ ಉಚಿತ. ಒಂದು ಗುಂಪಿಗೆ ಮಾತ್ರ ತಿಂಗಳಿಗೆ 30 ಡಾಲರ್, ಆಹಾರ, ಆಸ್ಪತ್ರೆಗೆ ಬಂದುಹೋಗುವ ಖರ್ಚು, ಜೊತೆಗೆ ಮನೆಗೇ ಬಂದು ವಿಚಾರಿಸುವ ಊರಿನದೇ ಆರೋಗ್ಯ ಕಾರ್ಯಕರ್ತರು. ಇಷ್ಟೆಲ್ಲ ಸಿಕ್ಕವರು ಎಲ್ಲರೂ ಗುಣವಾದರು. ಬರೀ ಔಷಧ ಸಿಕ್ಕವರಲ್ಲಿ ಗುಣವಾದವರು ಸುಮಾರು ಅರ್ಧದಷ್ಟು ಮಂದಿ. ಕಾಯಿಲೆ ಮಾಟದಿಂದ ಬಂದದ್ದೆಂದು ನಂಬಿದ್ದವರು ಎರಡೂ ಗುಂಪುಗಳಲ್ಲಿದ್ದರು, ಆದರೆ ಆ ನಂಬಿಕೆಗೂ ಫಲಿತಾಂಶಕ್ಕೂ ಸಂಬಂಧವೇ ಕಾಣಲಿಲ್ಲ. ಆಹಾರವಿಲ್ಲದೆ ಔಷಧ ಕೊಡುವುದೆಂದರೆ ಕೈ ತೊಳೆದು ಮಣ್ಣಿಗೆ ಒರೆಸಿಕೊಂಡಂತೆ ಎಂದು ಹೈಟಿಯ ಜನ ಹೇಳುತ್ತಾರೆ. ಮಾತ್ರೆ ನಾಟತೊಡಗಿದಾಗ ಹಸಿವು ಹೇಗೆ ಕೆರಳುತ್ತದೆಂದು ಬಲ್ಲ ಯಾವ ರೋಗಿಯೂ ಈ ಮಾತನ್ನು ಅಲ್ಲಗಳೆಯಲಾರ.

1990ರ ದಶಕದ ಮಧ್ಯದಲ್ಲಿ ಪೆರುವಿನ ಲಿಮಾ ನಗರದಂಚಿನ ಕಾರಾಬಾಯ್ಯೊದಲ್ಲಿ, ಕ್ಷಯದ ಮುಖ್ಯ ಔಷಧಗಳಾದ ಐಸೋನಿಯಾಜಿಡ್ ಮತ್ತು ರಿಫಾಂಪಿಸಿನ್ ಎರಡಕ್ಕೂ ಬಗ್ಗದ ಕ್ಷಯ ಫಾರ್ಮರ್ ಅವರಿಗೆ ಎದುರಾಯಿತು. ಇಂಥವರ ಚಿಕಿತ್ಸೆ ಬಡದೇಶಗಳಿಗೆ ಕೈಗೆಟುಕದ್ದು ಎಂಬುದೇ ಆಗ ತಜ್ಞರ ನಿಲುವಾಗಿತ್ತು. ನಾಟದ ಔಷಧಗಳನ್ನೇ ಮತ್ತೆ ಮತ್ತೆ ಕೊಟ್ಟು, ರೋಗಾಣು ಇನ್ನಷ್ಟು ಗಟ್ಟಿಯಾಗಲು ದಾರಿ ಮಾಡಿಕೊಡಲಾಗುತ್ತಿತ್ತು. ಹಾಸಿಗೆ ಇದ್ದಷ್ಟು ಕಾಲು ಚಾಚು ಎಂದು ಬಡವನಿಗೆ ಬುದ್ಧಿ ಹೇಳುವುದು ಸುಲಭ. ಈ ಹಾಸಿಗೆಯನ್ನು ಇಷ್ಟು ಗಿಡ್ಡವಾಗಿ ಕತ್ತರಿಸಿದವರು ಯಾರು ಎಂಬುದೇ ಫಾರ್ಮರ್ ಮತ್ತು ಅವರ ಗೆಳೆಯ ಜಿಮ್ ಯಾಂಗ್ ಕಿಮ್ ಅವರ ಪ್ರಶ್ನೆಯಾಗಿತ್ತು. ಕಾರ್ಯಕರ್ತರು ಮನೆಮನೆಗೆ ಹೋಗಿ ಔಷಧ ಕೊಟ್ಟು ಚಿಕಿತ್ಸೆ ನಡೆಸಿದಾಗ, ಅದನ್ನು ನಾಲ್ಕು ತಿಂಗಳಾದರೂ ಪಡೆದವರಲ್ಲಿ ಶೇ 80ಕ್ಕೂ ಹೆಚ್ಚು ಜನ ಗುಣವಾದರು. ಔಷಧಗಳ ಬೆಲೆ ಇಳಿಸಲು ನಡೆದ ಪ್ರಯತ್ನದಿಂದ ಅವುಗಳಲ್ಲಿ ಕೆಲವು ಶೇ 90ಕ್ಕೂ ಹೆಚ್ಚು ಅಗ್ಗವಾದವು. ಆ ಮೊದಲಿನ ಬೆಲೆ ಪ್ರಕೃತಿನಿಯಮವೇನೂ ಆಗಿರಲಿಲ್ಲ ಎಂಬುದಕ್ಕೆ ಇದಕ್ಕಿಂತ ಬೇರೆ ಸಾಕ್ಷಿ ಬೇಕೆ?

ಇದು ದೂರದ ದೇಶಗಳ ಕಥೆಯೆಂದು ದಯವಿಟ್ಟು ಭಾವಿಸಬೇಡಿ. 1960ರ ದಶಕದ ಆರಂಭದಲ್ಲೇ ಬೆಂಗಳೂರಿನ ರಾಷ್ಟ್ರೀಯ ಕ್ಷಯರೋಗ ಸಂಸ್ಥೆಯವರು ತುಮಕೂರು ಜಿಲ್ಲೆಯ ಹಳ್ಳಿಗಳಲ್ಲಿ ವಿಚಾರಿಸಿದಾಗ, ಕ್ಷಯವಿದ್ದವರಲ್ಲಿ ಅರ್ಧಕ್ಕಿಂತ ಹೆಚ್ಚು ಜನ ಆಗಲೇ ಆಸ್ಪತ್ರೆಯ ಮೆಟ್ಟಿಲು ಹತ್ತಿ ಬಂದಿದ್ದರೆಂದು ತಿಳಿಯಿತು. ಬಹಳಷ್ಟು ಮಂದಿಗೆ ಅಲ್ಲಿ ಸಿಕ್ಕಿದ್ದು ಕೆಮ್ಮಿನ ಔಷಧದ ಒಂದು ಬಾಟಲಿ ಮಾತ್ರ.

ಫಾರ್ಮರ್ 2022ರ ಫೆಬ್ರುವರಿಯಲ್ಲಿ ರುವಾಂಡಾದ ಬುಟಾರೊದಲ್ಲಿ, ಕೆಲಸದ ನಡುವೆಯೇ, 62ನೇ ವಯಸ್ಸಿನಲ್ಲಿ ತೀರಿಕೊಂಡರು. ಮರುವರ್ಷ, ಮಂಗಳೂರಿನ ಯೆನೆಪೋಯ ವೈದ್ಯಕೀಯ ಕಾಲೇಜಿನ ವೈದ್ಯರು ಮುಂದಾಳತ್ವ ವಹಿಸಿ ಜಾರ್ಖಂಡ್‌ನಲ್ಲಿ ನಡೆಸಿದ ಅಧ್ಯಯನದ ಫಲಿತಾಂಶ ಪ್ರಕಟವಾಯಿತು. ರೋಗಿಗೆ ತಿಂಗಳಿಗೆ 10 ಕೆ.ಜಿ.ಯ ಆಹಾರದ ಚೀಲ. ಅದರಲ್ಲಿ ಅಕ್ಕಿ, ಹುರಿಗಡಲೆ ಹಿಟ್ಟು, ಹಾಲಿನ ಪುಡಿ, ಎಣ್ಣೆ. ಮನೆಯ ಉಳಿದವರಿಗೂ ಅಕ್ಕಿ-ಬೇಳೆ ಕೊಟ್ಟ ಕಡೆ, ಆ ಮನೆಗಳಲ್ಲಿ ಹೊಸದಾಗಿ ಕ್ಷಯ ತಗುಲುವುದು ಶೇ 39ರಷ್ಟು ಕಡಿಮೆಯಾಯಿತು. ನಮ್ಮ ಸರ್ಕಾರ ಪೌಷ್ಟಿಕ ಆಹಾರಕ್ಕೆಂದು ರೋಗಿಗೆ ಕೊಡುವ ಹಣ 2024ರ ನವೆಂಬರ್‌ನಿಂದ ತಿಂಗಳಿಗೆ 1,000 ರೂಪಾಯಿಯಾಗಿದೆ. ಅದು ಮೊದಲ ತಿಂಗಳಲ್ಲೇ, ಹಸಿವು ಕೆರಳುವ ಹೊತ್ತಿಗೇ, ಕೈಸೇರಬೇಕು. ಅದರ ಜೊತೆಗೆ ಮನೆಯವರೆಲ್ಲರ ಪಾಲಿನ ಅಕ್ಕಿ-ಬೇಳೆಯೂ ಬರಬೇಕು.