ಮೊದಲು ಫ್ರೇಮ್ ಉಳಿಸಿ, ಚಂದ ಆಮೇಲೆ ಮಾಡೋಣ

ನಮಸ್ಕಾರ. ಇವತ್ತು ಸ್ವಲ್ಪ ಜಗಳದ ಮಾತು.

ಗ್ರಹಗಳ ಫೋಟೋ ತೆಗೆಯುವ ಹವ್ಯಾಸಿಗಳಿಗಾಗಿ ಒಂದು ಕ್ಯಾಪ್ಚರ್ ಸಾಫ್ಟ್‌ವೇರ್ ಬರೆಯುತ್ತಿದ್ದೇನೆ, ಇಲ್ಲೇ ಚಿಕ್ಕಮಗಳೂರಿನಲ್ಲಿ ಕೂತು. ಕ್ಯಾಮೆರಾದಿಂದ ಬರುವ ಫ್ರೇಮ್‌ಗಳನ್ನು ತೆಗೆದುಕೊಂಡು ಡಿಸ್ಕಿಗೆ ಬರೆಯುವುದು, ಅಷ್ಟೇ ಅದರ ಕೆಲಸ. ಬಳಸಿ ನೋಡಿ ಅಂತ ಕೊಟ್ಟರೆ ಎಲ್ಲರೂ ಕೇಳುವುದು ಒಂದೇ ಪ್ರಶ್ನೆ: "ಲೈವಲ್ಲೇ ಶಾರ್ಪ್ ಮಾಡಿ ತೋರಿಸೋ ಬಟನ್ ಯಾವಾಗ ಹಾಕ್ತೀರಾ ಸಾರ್?" ಹಾಕುವುದಿಲ್ಲ.

ಹೊಸಬರಿಗೆ ಎರಡು ಮಾತು. ಗುರು, ಶನಿಯ ಒಳ್ಳೆ ಫೋಟೋ ಒಂದೇ ಕ್ಲಿಕ್ಕಿಗೆ ಬರುವುದಿಲ್ಲ. ಮೇಲೆ ಗಾಳಿ ಒಂದೇ ಸಮ ಅಲುಗುತ್ತಿರುತ್ತದೆ, ಅದರ ಜೊತೆ ಚಿತ್ರವೂ ಕುಣಿಯುತ್ತದೆ. ಅದಕ್ಕೆ ಸೆಕೆಂಡಿಗೆ ನೂರು, ನೂರೈವತ್ತು ಫ್ರೇಮ್‌ನಂತೆ ವಿಡಿಯೋ ತೆಗೆದು, ಗಾಳಿ ಅರೆಗಳಿಗೆ ಸುಮ್ಮನಾದಾಗ ಸಿಕ್ಕ ಫ್ರೇಮ್‌ಗಳನ್ನಷ್ಟೇ ಆರಿಸಿ ಒಂದರ ಮೇಲೊಂದು ಪೇರಿಸುತ್ತಾರೆ. ಲಕ್ಕಿ ಇಮೇಜಿಂಗ್ ಅಂತ ಇದರ ಹೆಸರು. ಅಂಥ ಅದೃಷ್ಟದ ಫ್ರೇಮ್ ಸಿಗುವ ಸಾಧ್ಯತೆ ಎಷ್ಟು ಅಂತ ವಿಜ್ಞಾನಿ ಡೇವಿಡ್ ಫ್ರೀಡ್ 1978ರಲ್ಲೇ ಲೆಕ್ಕ ಹಾಕಿ ಬರೆದಿದ್ದಾರೆ. ಆರಿಸುವ, ಪೇರಿಸುವ ಕೆಲಸ ಆಮೇಲಿನದು, ಅದಕ್ಕೆ ಆಟೋಸ್ಟ್ಯಾಕರ್ಟ್ ಅನ್ನುವ ಬೇರೆ ಸಾಫ್ಟ್‌ವೇರ್ ಇದೆ. ಕ್ಯಾಪ್ಚರ್ ಸಾಫ್ಟ್‌ವೇರ್ ಕಳೆದುಹಾಕಿದ ಫ್ರೇಮನ್ನು ಮಾತ್ರ ಯಾರೂ ವಾಪಸ್ ತರಲಾರರು.

ನಮ್ಮೂರಿನವರು ಒಂದು ಲೆಕ್ಕದಲ್ಲಿ ಪುಣ್ಯವಂತರು. 2026ರ ಜನವರಿ 10ರಂದು ಗುರು ಸೂರ್ಯನಿಗೆ ನೇರ ಎದುರು ಬಂದಾಗ ಮಿಥುನದಲ್ಲಿದ್ದ. ನಮ್ಮ 13 ಡಿಗ್ರಿ ಅಕ್ಷಾಂಶಕ್ಕೆ ಅದು ಹೆಚ್ಚೂಕಡಿಮೆ ನೆತ್ತಿ. ಆದರೆ ತೋಟದೊಳಗೆ ಸಿಲ್ವರ್ ಓಕ್ ಮರಗಳ ನಡುವೆ ಆಕಾಶ ಎಲ್ಲಿ ಕಾಣುತ್ತದೆ? ಬಯಲು ಅಂತ ಇರುವುದು ಕಾಫಿ ಒಣಗಿಸುವ ಕಣ ಒಂದೇ. ಅದು ಸಿಮೆಂಟಿನದು. ಹಗಲೆಲ್ಲ ಕಾದದ್ದು ರಾತ್ರಿಯಾದ ಮೇಲೂ ಬಿಸಿ ಬಿಡುತ್ತಲೇ ಇರುತ್ತದೆ, ಪರದೆಯ ಮೇಲೆ ಗುರು ಕುದಿಯುತ್ತಿರುತ್ತಾನೆ. ಕೈಗೆ ಸಿಗುವ ಒಳ್ಳೆ ಫ್ರೇಮ್ ಮೊದಲೇ ಕಮ್ಮಿ, ಅದರಲ್ಲೂ ಸಾಫ್ಟ್‌ವೇರ್ ಬೀಳಿಸಿಕೊಂಡರೆ ಹೊಟ್ಟೆ ಉರಿಯುತ್ತದೆ ಅಲ್ವಾ?

ಈಗ ಲೆಕ್ಕ ನೋಡಿ. 640 ಪಿಕ್ಸೆಲ್ ಅಡ್ಡ, 480 ಪಿಕ್ಸೆಲ್ ಉದ್ದದ ಒಂದು 8 ಬಿಟ್ ಫ್ರೇಮ್ (ಪಿಕ್ಸೆಲ್ಲಿಗೆ ಒಂದು ಬೈಟ್) ಅಂದರೆ ಸುಮಾರು 3 ಲಕ್ಷ ಬೈಟ್. ಸೆಕೆಂಡಿಗೆ 150 ಫ್ರೇಮ್ ಅಂದರೆ 46 ಎಂಬಿ. ಮೂರು ನಿಮಿಷಕ್ಕೆ 8 ಜಿಬಿ ದಾಟುತ್ತದೆ. 16 ಬಿಟ್ ಹಾಕಿದರೆ ಅದರ ಎರಡರಷ್ಟು, ಹಳೇ ಹಾರ್ಡ್ ಡಿಸ್ಕ್ ಅಲ್ಲಿಗೆ ಕೈ ಚೆಲ್ಲುತ್ತದೆ. ಗುರುವಿಗೆ ಗೇನ್ (ಕ್ಯಾಮೆರಾದ ಸಿಗ್ನಲ್ ಹಿಗ್ಗಿಸುವ ಸೆಟ್ಟಿಂಗ್) ಹೆಚ್ಚಿಟ್ಟು ತೆಗೆಯುವಾಗ 8 ಬಿಟ್ ಧಾರಾಳ ಸಾಕು, ಸುಮ್ನೆ 16ರ ಹಿಂದೆ ಬೀಳಬೇಡಿ. ಮೂರು ನಿಮಿಷವೂ ಜಾಸ್ತಿಯೇ. 8 ಇಂಚಿನ ಟೆಲಿಸ್ಕೋಪ್ ಬಿಡಿಸಿ ತೋರಿಸಬಲ್ಲ ವಿವರ ಸುಮಾರು 0.6 ಆರ್ಕ್‌ಸೆಕೆಂಡ್ (ಒಂದು ಡಿಗ್ರಿಯ 3600ರಲ್ಲಿ ಒಂದು ಪಾಲು ಒಂದು ಆರ್ಕ್‌ಸೆಕೆಂಡ್), ಗುರು ತಿರುಗುವ ವೇಗಕ್ಕೆ ಅವನ ನಡುಭಾಗ ನಿಮಿಷಕ್ಕೆ ಸುಮಾರು 0.25 ಆರ್ಕ್‌ಸೆಕೆಂಡ್ ಸರಿದುಬಿಡುತ್ತದೆ. ಅದಕ್ಕಿಂತ ಹೆಚ್ಚು ತೆಗೆದರೆ ವಿವರ ಕಲಸಿಹೋಗುತ್ತದೆ, ಇರುವುದೇ ಎರಡು ಎರಡೂವರೆ ನಿಮಿಷ.

ಇಷ್ಟು ಚಿಕ್ಕ ಹೊತ್ತಿನಲ್ಲಿ ನಾವು ಕಂಪ್ಯೂಟರಿಗೆ ಏನೇನು ಹೇರುತ್ತೇವೆ? ಬಣ್ಣ ಬಿಡಿಸು (ಕ್ಯಾಮೆರಾದ ಕಚ್ಚಾ ಅಂಕಿಗಳಿಂದ ಬಣ್ಣದ ಚಿತ್ರ ಕಟ್ಟು), ಬೆಳಕು ಏರಿಸು, ಹಿಸ್ಟೋಗ್ರಾಂ (ಬೆಳಕಿನ ಹಂಚಿಕೆಯ ನಕ್ಷೆ) ಬರೆ, ಶಾರ್ಪ್ ಮಾಡು, ಪರದೆಗೆ ತೋರಿಸು. ಅದೆಲ್ಲ ಮುಗಿದ ಮೇಲೆ, ಹಾಂ, ಡಿಸ್ಕಿಗೂ ಬರೆ. ಮುಹೂರ್ತ ಮೀರುತ್ತಿದ್ದರೂ ಫೋಟೋಗ್ರಾಫರ್ "ಸ್ವಲ್ಪ ಈ ಕಡೆ ನೋಡಿ" ಅಂತ ತಾಳಿ ಕಟ್ಟುವವನ ಕೈ ತಡೆದ ಹಾಗೆ!

ನನ್ನ ಕೋಡಿನಲ್ಲಿ ಒಂದು ಥ್ರೆಡ್ (ಪ್ರೋಗ್ರಾಂನೊಳಗೆ ತನ್ನ ಪಾಡಿಗೆ ಓಡುವ ಕೆಲಸ) ಕ್ಯಾಮೆರಾದಿಂದ ಫ್ರೇಮ್ ಎತ್ತಿ ಬಫರಿಗೆ, ಅಂದರೆ ಮೆಮೊರಿಯ ತಾತ್ಕಾಲಿಕ ಜಾಗಕ್ಕೆ, ಹಾಕುತ್ತದೆ, ಬೇರೇನೂ ಮಾಡುವುದಿಲ್ಲ. ಇನ್ನೊಂದು ಅದನ್ನು ಬಣ್ಣ ಬಿಡಿಸದೆ ಹಾಗೇ ಎಸ್‌ಇಆರ್ ಫೈಲಿಗೆ (ಗ್ರಹಗಳ ಫೋಟೋದವರು ಬಳಸುವ ಒಂದು ವಿಡಿಯೋ ಫೈಲ್ ನಮೂನೆ) ಬರೆಯುತ್ತದೆ. ಪ್ರಿವ್ಯೂ ಬಡಪಾಯಿ, ಬಿಡುವಾದಾಗ ಬಂದು ಇತ್ತೀಚಿನ ಒಂದು ಫ್ರೇಮನ್ನು ನೋಡಿಕೊಂಡು ಹೋಗುತ್ತದೆ. ರೆಕಾರ್ಡ್ ನಡೆಯುವಾಗ ಪರದೆಯಲ್ಲಿ ಸೆಕೆಂಡಿಗೆ ಐದು ಫ್ರೇಮ್ ಕಂಡರೆ ಸಾಕು, ಗ್ರಹ ಚೌಕಟ್ಟಿನೊಳಗೆ ಇದೆಯಾ ಅಂತ ಗೊತ್ತಾಗುತ್ತದೆ. ಬಫರಿಗೆ 1 ಜಿಬಿ ಮೆಮೊರಿ ಮೊದಲೇ ಹಿಡಿದಿಡುತ್ತೇನೆ. ಆಂಟಿವೈರಸ್ ನಡುವೆ ಎದ್ದು ಡಿಸ್ಕನ್ನು ಪೂರ್ತಿ ನಿಲ್ಲಿಸಿದರೂ ಇಪ್ಪತ್ತು ಸೆಕೆಂಡ್ ತಾಳಿಕೊಳ್ಳುತ್ತದೆ. ಅದೂ ತುಂಬಿದರೆ ಫ್ರೇಮ್ ಬೀಳುತ್ತದೆ, ನಿಜ. ಆಗ ಪರದೆಯ ಮೇಲೆ ಕೆಂಪಕ್ಷರದಲ್ಲಿ ಎಷ್ಟು ಬಿತ್ತು ಅಂತ ತೋರಿಸುತ್ತೇನೆ. ಬೀಳಿಸಿಕೊಂಡೂ ಸುಮ್ಮನಿರುವ ಸಾಫ್ಟ್‌ವೇರ್ ನನಗೆ ಆಗುವುದಿಲ್ಲ.

"ಫೈರ್‌ಕ್ಯಾಪ್ಚರ್ ಇದೆ, ಶಾರ್ಪ್‌ಕ್ಯಾಪ್ ಇದೆ, ನಿಂದೇನು ಹೊಸದು?" ಅಂತ ಕೇಳುತ್ತೀರಿ. ಎರಡೂ ಒಳ್ಳೆಯ ಕ್ಯಾಪ್ಚರ್ ಸಾಫ್ಟ್‌ವೇರ್‌ಗಳೇ. ಎಸ್‌ಎಸ್‌ಡಿ ಇರುವ ಹೊಸ ಲ್ಯಾಪ್‌ಟಾಪ್ ಇದ್ದರೆ ಅವನ್ನೇ ಬಳಸಿ. ನಾನು ಬರೆಯುತ್ತಿರುವುದು 4 ಜಿಬಿ ಮೆಮೊರಿಯ, ಮನೆಯಲ್ಲಿ ಮೂಲೆಗೆ ಬಿದ್ದಿರುವ ಲ್ಯಾಪ್‌ಟಾಪಿಗೆ.

ಇನ್ನೊಂದು ಸಂಕಟ, ಸಮಯದ್ದು. ಎಸ್‌ಇಆರ್ ಫೈಲಿನ ಕೊನೆಯಲ್ಲಿ ಪ್ರತಿ ಫ್ರೇಮಿಗೂ 8 ಬೈಟಿನ ಸಮಯ ಬರೆಯಲು ಅವಕಾಶ ಇದೆ. ಬರೆಯದಿದ್ದರೂ ಫೈಲ್ ತೆರೆಯುತ್ತದೆ, ಅದಕ್ಕೇ ಉದಾಸೀನ. ನಾನು ಹಿಂದೆ ಬಳಸುತ್ತಿದ್ದ ಒಂದು ಪ್ರೋಗ್ರಾಂನಲ್ಲಿ ಟೈಮ್ ಜೋನ್ ಬಾಕ್ಸು ಪೂರ್ಣ ಸಂಖ್ಯೆ ಮಾತ್ರ ಒಪ್ಪುತ್ತಿತ್ತು. ಯುಟಿಸಿಗಿಂತ (ಜಗತ್ತಿಗೆಲ್ಲ ಒಂದೇ ಆದ ಪ್ರಮಾಣ ಸಮಯ) ಐದೂವರೆ ಗಂಟೆ ಮುಂದಿರುವ ನಾವು 5 ಹಾಕಬೇಕಾ, 6 ಹಾಕಬೇಕಾ? ಗುರು ಗಂಟೆಗೆ 36 ಡಿಗ್ರಿ ತಿರುಗುತ್ತಾನೆ. ಅರ್ಧ ಗಂಟೆ ತಪ್ಪಿದರೆ 18 ಡಿಗ್ರಿ. ಗುರುವಿನ ಕೆಂಪು ಮಚ್ಚೆ ಎಲ್ಲಿದೆ ಅಂತ ಅಳೆಯಲು ಹೊರಟವನು ಅದನ್ನು ಇಲ್ಲದ ಜಾಗದಲ್ಲಿ ಗುರುತು ಹಾಕುತ್ತಾನೆ. ಬರೆದವರಿಗೆ ಭಾರತ ನೆನಪಾಗಲಿಲ್ಲ, ಅಷ್ಟೇ.

ಇದೆಲ್ಲ ಹವ್ಯಾಸಿಗಳಿಗೆ ಯಾಕಪ್ಪ ಅನ್ನಬೇಡಿ. 2009ರ ಜುಲೈ 19ರಂದು ಗುರುವಿಗೆ ಏನೋ ಬಂದು ಬಡಿದ ಕಪ್ಪು ಕಲೆಯನ್ನು ಮೊದಲು ಕಂಡವರು ಆಸ್ಟ್ರೇಲಿಯಾದ ಹವ್ಯಾಸಿ ಆಂಥೊನಿ ವೆಸ್ಲಿ. (ಅವರೂ ಪ್ರೋಗ್ರಾಮರ್, ನಮ್ಮ ಜಾತಿಯೇ.) ಮರುವರ್ಷ ಜೂನ್ 3ರಂದು ಇನ್ನೊಂದು ಬಡಿತದ ಮಿಂಚೇ ಅವರ ವಿಡಿಯೋಗೆ ಸಿಕ್ಕಿತು. ಫಿಲಿಪ್ಪೀನ್ಸ್‌ನ ಕ್ರಿಸ್ಟೊಫರ್ ಗೋ ಕೂಡ ಅದೇ ಹೊತ್ತಿಗೆ ರೆಕಾರ್ಡ್ ಮಾಡುತ್ತಿದ್ದರು, ಅವರ ವಿಡಿಯೋದಲ್ಲೂ ಅದು ಇತ್ತು. ಒಟ್ಟು ಒಂದೆರಡು ಸೆಕೆಂಡಿನ ಮಿಂಚು. ಎರಡೂ ಕಡೆ ಫ್ರೇಮ್ ಇತ್ತು, ಸಮಯ ಇತ್ತು, ತಾಳೆ ನೋಡಲು ಆಯಿತು.

ಶಾರ್ಪ್ ಬಟನ್ನಿಗೆ ಬರೋಣ. ಫೋಕಸ್ ಮಾಡಲು ಅನುಕೂಲ ಅನ್ನುತ್ತಾರೆ. ನನಗೆ ಹಾಗನ್ನಿಸುವುದಿಲ್ಲ, ಕುದಿಯುವ ಗಾಳಿಯಲ್ಲಿ ಅದು ನಾಯ್ಸನ್ನೇ ವಿವರ ಅಂತ ತೋರಿಸಿ ದಾರಿ ತಪ್ಪಿಸುವುದೇ ಜಾಸ್ತಿ. ಗುರುವಿನ ಉಪಗ್ರಹವನ್ನು ಪುಟ್ಟ ಚುಕ್ಕೆ ಮಾಡಿಕೊಳ್ಳಿ, ಫೋಕಸ್ ಆಯಿತು. ಅಷ್ಟು ಹೇಳಿದರೂ ಬೇಕೇ ಬೇಕು ಅನ್ನುವವರು ಕೋಡ್ ತೆಗೆದುಕೊಂಡು ನೀವೇ ಹಾಕಿಕೊಳ್ಳಿ, ರೆಕಾರ್ಡ್ ಒತ್ತಿದ ತಕ್ಷಣ ಅದು ಆಫ್ ಆಗುವ ಹಾಗೆ ಮಾತ್ರ ಬರೆಯಿರಿ.